ಮುಖ ಲಗಮವ್ವಂದು, ಮಾತು ಮಧುಮತಿದು

ಬಾಗಲಕೋಟೆ ಹೊಸದಾಗಿ ಜಿಲ್ಲೆಯಾದ ವರ್ಷ ಮಹಾಲಿಂಗಪುರದ ಬಸ್ ಸ್ಟ್ಯಾಂಡಿನಲ್ಲಿ ಲಗಮವ್ವ ಒಬ್ಬ ಕಂಡಕ್ಟರನ ಜೊತೆ ಜಗಳ ತೆಗೆದಿದ್ದಳು. ಚಿಮ್ಮಡ ಕ್ರಾಸಿನಲ್ಲಿ ಬಸ್ಸು ನಿಲ್ಲುವುದಿಲ್ಲ ಎಂದು ಅವನು. ನಿನ್ನೆ ನಿಂತ ಬಸ್ಸಿಗೆ ಇವತ್ತೇನು ಬ್ಯಾನಿ ಬಂದೈತಿ ಎಂದು ಇವಳು. ಬೆಲ್ಲದ ಅಂಗಡಿಗೆ ಹೊರಟಿದ್ದ ಹಮಾಲರು ನಿಂತು ಕೇಳಿದರು. ಕೊನೆಗೆ ಕಂಡಕ್ಟರನೇ ಸೋತು, "ಹತ್ತವಾ, ಹತ್ತು, ನಿನ್ನ ಮನಿ ಬಾಗಲಿಗೇ ಇಳಸ್ತೇನಿ" ಅಂದ.

ಅವಳ ಹಿಂದೆ ನಿಂತಿದ್ದ ಶಿವಯೋಗೆಪ್ಪ ಮಾಸ್ತರರು ಬಸ್ಸಿನಲ್ಲಿ ಪಕ್ಕದ ಸೀಟಿಗೆ ಬಂದು ಕೂತರು. ಬನಹಟ್ಟಿಯ ಹೈಸ್ಕೂಲಿನಲ್ಲಿ ಕನ್ನಡ ಕಲಿಸುತ್ತಿದ್ದ ಅವರು ರೇಡಿಯೋಕ್ಕೆ ನಾಟಕ ಬರೆಯುತ್ತಿದ್ದರು.

"ತಂಗೀ, ಇಷ್ಟು ಸಿಟ್ಟಿನೊಳಗೂ ನಿನ್ನ ಒಂದು ಅಕ್ಷರ ಇನ್ನೊಂದರ ಮ್ಯಾಲ ಬೀಳಲಿಲ್ಲ ನೋಡು. ರೇಡಿಯೋ ನಾಟಕಕ್ಕ ಬರತಿಯೇನು?"

"ನಾಟಕದಾಕಿ ಅಂತ ಊರಾಗ ಅನಿಸ್ಕೊಳ್ಳಾಕೇನ್ರಿ?"

"ರೇಡಿಯೋದಾಗ ಮಾರಿ ಕಾಣೂದಿಲ್ಲವಾ. ದನಿ ಅಷ್ಟ ಕೇಳತೈತಿ."

ಲಗಮವ್ವನಿಗೆ ಆಗ ಇಪ್ಪತ್ತಮೂರು. ಬೀಳಗಿ ಕಡೆಯ ಒಂದು ಹೊಳೆದಂಡೆಯ ಊರಿಗೆ ಮದುವೆಯಾಗಿ ಹೋಗಿ, ಎರಡು ವರ್ಷಕ್ಕೆ ತವರಿಗೆ ತಿರುಗಿ ಬಂದಿದ್ದಳು. ಯಾಕೆ ಬಂದಳೆಂದು ಅವಳು ಹೇಳಲಿಲ್ಲ, ತಾಯಿ ಬಾಳವ್ವ ಕೆದಕಲಿಲ್ಲ. ಅಣ್ಣ ಮಾಳಿಂಗರಾಯ ಕುರಿ ಕಾಯುತ್ತ, ಕಾಲುವೆ ನೀರು ಬಂದ ಹೊಲದಲ್ಲಿ ಕಬ್ಬು ಹಚ್ಚುತ್ತ ತನ್ನ ಪಾಡಿಗೆ ತಾನಿದ್ದ. ರೇಡಿಯೋ ಅಂದಾಗ ಅವನು ಕೇಳಿದ್ದು ಒಂದೇ: "ಮಾರಿ ಕಾಣೂದಿಲ್ಲ ಅನ್ನೂದು ಖರೇನ?"

ನಾಟಕದ ಹೆಸರು 'ಹೊಳಿದಂಡಿ ಮನಿ'. ವಾರಕ್ಕೊಮ್ಮೆ ಬರುವ ಧಾರಾವಾಹಿ. ಅಣೆಕಟ್ಟಿನ ಹಿನ್ನೀರಿಗೆ ಹೋಗಲಿರುವ ಊರೊಂದರ ಕುಟುಂಬದ ಕತೆ. ಲಗಮವ್ವನಿಗೆ ಮಾಸ್ತರರು ಕೊಟ್ಟದ್ದು ಸೊಸೆಯ ಪಾತ್ರವಲ್ಲ, ಅರವತ್ತು ದಾಟಿದ ಗೌರವ್ವನ ಪಾತ್ರ. ಗಂಡನ ಮನೆಯಲ್ಲಿದ್ದ ಎರಡು ವರ್ಷ ಅವಳು ಮಾತಾಡಿದ್ದು ಕಡಿಮೆ, ಕೇಳಿದ್ದು ಬಹಳ. ಅಲ್ಲಿನ ಕಟ್ಟೆಯ ಮೇಲೆ ಕೂತು ಮುದುಕಿಯರು ಎಲೆ ಅಡಿಕೆ ಅಗಿಯುತ್ತ ಮಾತಾಡುವಾಗ ಎಲ್ಲಿ ಉಸಿರು ತೆಗೆದುಕೊಳ್ಳುತ್ತಿದ್ದರು, ಸಿಟ್ಟು ಬಂದಾಗ ದನಿ ಏರಿಸದೆ ಹೇಗೆ ಇಳಿಸುತ್ತಿದ್ದರು, ಅದೆಲ್ಲ ಅವಳ ಕಿವಿಯಲ್ಲಿತ್ತು. ಸ್ಟುಡಿಯೋದ ಮೈಕಿನ ಮುಂದೆ ನಿಂತು ಮೊದಲ ಸಲ ಬಾಯಿ ತೆರೆದಾಗ ಗಾಜಿನ ಆಚೆ ಕೂತವರು ಒಬ್ಬರ ಮುಖ ಒಬ್ಬರು ನೋಡಿದರು. ಆ ಮುರುಕು ಸಂಸಾರದಿಂದ ತಾನು ಬರಿಗೈಲಿ ಬಂದಿಲ್ಲ ಎಂದು ಅವಳಿಗೆ ಅವತ್ತು ತಿಳಿಯಿತು.

ಸ್ವಲ್ಪ ದಿನದಲ್ಲೇ ಜಮಖಂಡಿ, ಮುಧೋಳ, ಬೀಳಗಿ, ರಬಕವಿ ಸುತ್ತಿನ ಜನಕ್ಕೆ ಗೌರವ್ವ ಮನೆಯವಳಾದಳು. ಬನಹಟ್ಟಿಯಲ್ಲಿ ರವಿವಾರ ಮುಂಜಾನೆ ನಾಟಕ ಶುರುವಾದರೆ ಮಗ್ಗ ನಿಲ್ಲಿಸಿ ಕೇಳುತ್ತಿದ್ದರಂತೆ. ಯಾರಾದರೂ ಮಾಸ್ತರರ ಮನೆ ಹುಡುಕಿಕೊಂಡು ಬಂದು, ಗೌರವ್ವನ ಕಾಲಿಗೆ ಬೀಳಬೇಕು ಎಂದಾಗ, ತಾಲೀಮಿಗೆ ಬಂದು ಒಳಗಿನಿಂದ ಚಹಾ ತಂದ ತೆಳ್ಳನೆಯ ಹೆಂಗಸನ್ನು ತೋರಿಸಿದರೆ ಅವರ ಮುಖ ಸಪ್ಪಗಾಗುತ್ತಿತ್ತು. "ಇಕೀನ? ಏ, ಅಲ್ಲ ಬಿಡ್ರಿ" ಅನ್ನುತ್ತಿದ್ದರು. ಆಗ ಲಗಮವ್ವ ಬಾಗಿಲ ಮರೆಗೆ ಸರಿದು ಗೌರವ್ವನ ದನಿಯಲ್ಲಿ "ಬರ್ರಿ, ಒಳಗ ಬರ್ರಿ, ಬಿಸಲಾಗ ಯಾಕ ನಿಂತೀರಿ" ಅನ್ನುವಳು. ಬಂದವರು ಕೈ ಮುಗಿಯುವರು. ಅವಳ ಬಾಳಿನಲ್ಲಿ ಅಷ್ಟು ಸುಖದ ಕಾಲ ಮತ್ತೆ ಬರಲಿಲ್ಲ.

ಕೆಲವು ವರ್ಷ ನಡೆದು ನಾಟಕ ನಿಂತಿತು. ಹೊಳೆದಂಡೆಯ ಊರುಗಳಿಗೆ ಖರೇನೇ ನೀರು ಬಂದಿತ್ತು, ಜನ ಪುನರ್ವಸತಿ ಪ್ಲಾಟುಗಳಿಗೆ ಹೋಗಿದ್ದರು, ಬರೆಯಲು ಮಾಸ್ತರರಿಗೆ ಏನೂ ಉಳಿದಿರಲಿಲ್ಲ. ಕೊನೆಯ ಕಂತಿನಲ್ಲಿ ಗೌರವ್ವ ಮನೆಗೆ ಕೀಲಿ ಹಾಕುತ್ತಾಳೆ. ಮುಳುಗುವ ಮನೆಗೆ ಕೀಲಿ ಯಾಕೆಂದು ಮಗ ಕೇಳುತ್ತಾನೆ. ಅದಕ್ಕೆ ಮಾಸ್ತರರು ಒಂದು ಪುಟದ ಉತ್ತರ ಬರೆದಿದ್ದರು. "ಇದನ್ನ ತಗೀರಿ ಸರ್, ಆಕಿ ಸುಮ್ಮನಿರತಾಳ" ಎಂದು ಲಗಮವ್ವ ಹಟ ಹಿಡಿದಳು. ರೇಡಿಯೋದಲ್ಲಿ ಸುಮ್ಮನಿದ್ದರೆ ಕೇಳುವವರಿಗೆ ಏನು ತಿಳಿಯುತ್ತದೆ ಎಂದು ಅವರು ರೇಗಿದರು. ಅವಳು ಉಸಿರೊಂದನ್ನು ಎಳೆದು, ಬಿಡದೆ ಹಿಡಿದು ತೋರಿಸಿದಳು. ಮಾಸ್ತರರು ಪುಟ ಹರಿದರು.

ಬೆಂಗಳೂರಿಗೆ ಕಳಿಸಿದವರೂ ಅವರೇ. ಟಿವಿ ಧಾರಾವಾಹಿಗಳ ಕಾಲ ಅದು, ದಿನಕ್ಕೊಂದು ಹೊಸ ಕತೆ ಶುರುವಾಗುತ್ತಿತ್ತು. ಈ ಸಲ ಮಾರಿ ಕಾಣುತ್ತದೆ ಎಂದು ಮಾಳಿಂಗರಾಯ ನಾಲ್ಕು ದಿನ ಮಾತು ಬಿಟ್ಟ, ಆಮೇಲೆ ತಾನೇ ಬಸ್ಸಿಗೆ ಹತ್ತಿಸಲು ಬಂದ.

ರಾಜಾಜಿನಗರದ ಒಂದು ಹೆಂಗಸರ ಹಾಸ್ಟೆಲಿನಲ್ಲಿ ಅವಳ ವಾಸ. ಮೊದಲ ಎರಡು ವರ್ಷ ಸಿಕ್ಕಿದ್ದೆಲ್ಲ ಕೆಲಸದವಳ ಪಾತ್ರ. ದೊಡ್ಡ ಮನೆಯ ಸೆಟ್ಟಿನಲ್ಲಿ ಕಸಬರಿಗೆ ಹಿಡಿದು ಬರಬೇಕು, ಏನಾದರೂ ಒಡೆಯಬೇಕು, ಬೈಸಿಕೊಳ್ಳಬೇಕು. "ಸ್ವಲ್ಪ ಲೇ, ಬೇ ಜಾಸ್ತಿ ಹಾಕಿ ಮೇಡಂ, ಕಾಮಿಡಿ ಬರುತ್ತೆ" ಅನ್ನುತ್ತಿದ್ದರು. ದೊಡ್ಡವರಿಗೆ ನಾವು ಹಂಗ ಅನ್ನಂಗಿಲ್ರಿ, ಸಲಿಗಿ ಇದ್ದವರಿಗೆ ಅಷ್ಟ ಎಂದು ಅವಳು ಹೇಳಿದರೆ, ಇಲ್ಲಿ ಯಾರಿಗೆ ಗೊತ್ತಾಗತ್ತೆ ಎಂದು ನಕ್ಕರು. ಲಗಮವ್ವ ಎಂಬ ಹೆಸರು ಟೈಟಲ್ ಕಾರ್ಡಿಗೆ ಒಗ್ಗುವುದಿಲ್ಲವೆಂದು ಅದನ್ನೂ ಬದಲಿಸಿ 'ಲಾಸ್ಯ' ಎಂದು ಹಾಕಿದರು. ಹೆಸರಿಗೆ ಅವಳು ಅಷ್ಟು ತಲೆ ಕೆಡಿಸಿಕೊಳ್ಳಲಿಲ್ಲ. ಹೆಸರು ಹೋದರೆ ಹೋಗಲಿ, ದನಿ ತನ್ನದಿದೆಯಲ್ಲ.

ಕಡೆಗೊಮ್ಮೆ 'ಎರಡು ಅಂಗಳ' ಎಂಬ ಧಾರಾವಾಹಿಯಲ್ಲಿ ದಮಯಂತಿ ಎಂಬ ದೊಡ್ಡ ಸೊಸೆಯ ಪಾತ್ರ ಸಿಕ್ಕಿತು. ಜರಿ ಸೀರೆ, ಕಾಸಗಲ ಕುಂಕುಮ, ಮನೆ ಒಡೆಯುವ ಹೆಂಗಸು. ಡೈರೆಕ್ಟರು ಅವಳ ಕಣ್ಣು ನೋಡಿ ಆರಿಸಿದ್ದರು. ಲಗಮವ್ವ ಕನ್ನಡಿ ಮುಂದೆ ನಿಂತು ಒಂದೊಂದು ಮಾತಿಗೂ ತೂಕ ಕಟ್ಟಿಕೊಂಡು ಹೋಗಿ ಆಡಿದಳು. ಮೊದಲ ಕಂತು ಬರುವ ಸಂಜೆ ಹಾಸ್ಟೆಲಿನ ಹಾಲಿನಲ್ಲಿ ಹುಡುಗಿಯರೆಲ್ಲ ಕೂಡಿದರು. ತೆರೆಯ ಮೇಲೆ ದಮಯಂತಿ ಮೆಟ್ಟಿಲಿಳಿದು ಬಂದಳು, ತುಟಿ ತೆರೆದಳು. ಬಂದ ದನಿ ಬೇರೆ ಯಾರದೋ. ಎಳೆಯ, ನಯವಾದ, ಬೆಂಗಳೂರಿನ ದನಿ.

ಹುಡುಗಿಯರು ಚಪ್ಪಾಳೆ ತಟ್ಟಿದರು. ಲಗಮವ್ವ ಎದ್ದು ಹೋಗಲೂ ಆಗದೆ, ಕೂರಲೂ ಆಗದೆ ಅರ್ಧ ತಾಸು ಹಾಗೇ ಇದ್ದಳು. ಮಾರನೆಯ ದಿನ ಬಾಳವ್ವನ ಫೋನು ಬಂತು.

"ನಿನ್ನಿ ಟಿವಿಯೊಳಗ ಥೇಟ್ ನಿನ್ನಂಗ ಒಬ್ಬಾಕಿ ಬಂದಿದ್ಲು ನೋಡು."

"ನಾನ ಅದು ಯವ್ವಾ."

"ನೀ ಹೆಂಗ ಆಗ್ತಿ? ಆಕಿ ಬ್ಯಾರೇನ ಮಾತಾಡಾಕತ್ತಿದ್ಲು."

ಸೆಟ್ಟಿನಲ್ಲಿ ಕೇಳಿದರೆ ಡೈರೆಕ್ಟರಿಗೆ ಆಶ್ಚರ್ಯ. "ದೊಡ್ಡ ಪಾತ್ರಕ್ಕೆಲ್ಲ ಡಬ್ ಮಾಡಿಸ್ತೀವಲ್ಲ ಲಾಸ್ಯ ಅವ್ರೇ. ನಿಮ್ಮ ಕನ್ನಡ ನಮ್ಮ ವ್ಯೂವರ್ಸಿಗೆ ಕಷ್ಟ. ಬೇಜಾರು ಮಾಡ್ಕೋಬೇಡಿ."

ಡಬ್ಬಿಂಗ್ ಮಾಡಿದವಳ ಹೆಸರು ಮಧುಮತಿ ಎಂದು ತಿಳಿದಾಗ ಲಗಮವ್ವ ಜಗಳಕ್ಕೆ ಸಿದ್ಧಳಾಗಿಯೇ ಸ್ಟುಡಿಯೋಗೆ ಹೋದಳು. ಅಲ್ಲಿ ಕಂಡದ್ದು ದಪ್ಪ ಕನ್ನಡಕದ, ಕುತ್ತಿಗೆಗೆ ಮಫ್ಲರ್ ಸುತ್ತಿಕೊಂಡು ಬಿಸಿನೀರು ಕುಡಿಯುತ್ತಿದ್ದ ಹೆಂಗಸು. ಇವಳನ್ನು ನೋಡಿದ್ದೇ ಎದ್ದು ನಿಂತಳು.

"ಅಕ್ಕಾ, ನಿಮ್ಮ ಜೊತೆ ಮಾತಾಡ್ಬೇಕು ಅಂತ ಎಷ್ಟು ದಿನದಿಂದ ಅಂದ್ಕೋತಿದ್ದೆ. ಸೆಟ್ಟಲ್ಲಿ ರೆಕಾರ್ಡ್ ಆಗಿರತ್ತಲ್ಲ ನಿಮ್ಮ ದನಿ, ಅದನ್ನ ಕೇಳ್ಕೊಂಡೇ ನಾನು ಹೇಳೋದು. ನಿಮ್ಮಷ್ಟು ಚೆನ್ನಾಗಿ ಬರಲ್ಲ ನಂಗೆ. ಹೇಳಿದೆ ಅವರಿಗೂ."

ಜಗಳಕ್ಕೆ ಬಂದವಳು ಕುರ್ಚಿ ಎಳೆದುಕೊಂಡು ಕೂತಳು. ಮಧುಮತಿ ಹತ್ತು ವರ್ಷದಿಂದ ಬೇರೆಯವರ ಬಾಯಿಗೆ ಮಾತು ತುಂಬುತ್ತಿದ್ದಳು. ತೆರೆಯ ಮೇಲೆ ಒಮ್ಮೆಯೂ ಬಂದವಳಲ್ಲ, ಯಾರೂ ಕರೆದಿರಲಿಲ್ಲ. ಅವಳನ್ನು ದ್ವೇಷಿಸಿದ್ದರೆ ಲಗಮವ್ವನಿಗೆ ಹಗುರಾಗುತ್ತಿತ್ತು. ಅದಕ್ಕೂ ಮಧುಮತಿ ಅನುವು ಕೊಡಲಿಲ್ಲ.

ಆಯಿತು, ಭಾಷೆ ತಾನೆ, ಕಲಿಯುತ್ತೇನೆ ಎಂದು ಲಗಮವ್ವ ಕಲಿತಳು. ಹಾಸ್ಟೆಲಿನ ಹುಡುಗಿಯರ ಜೊತೆ, ತರಕಾರಿ ಅಂಗಡಿಯವನ ಜೊತೆ, ಮಧುಮತಿಯ ಜೊತೆ. "ಹೇಳಾಕತ್ತೇನಿ" ಹೋಗಿ "ಹೇಳ್ತಾ ಇದೀನಿ" ಬಂತು. ಊರಿಗೆ ಹೋದಾಗ ಬಾಯ್ತಪ್ಪಿ "ಊಟ ಆಯ್ತಾ" ಅಂದರೆ ಮಾಳಿಂಗರಾಯ "ಆತು ಮೇಡಂ" ಅನ್ನುತ್ತಿದ್ದ. ಎರಡು ವರ್ಷ ಕಳೆದ ಮೇಲೆ ಡೈರೆಕ್ಟರನ್ನು ಕಾಡಿಬೇಡಿ ಡಬ್ಬಿಂಗ್ ಟೆಸ್ಟ್ ಕೊಟ್ಟಳು. ಅವರು ಕಣ್ಣು ಮುಚ್ಚಿ ಕೇಳಿದರು. ಒಂದು ತಪ್ಪು ಹುಡುಕಲಾಗಲಿಲ್ಲ.

"ತುಂಬಾ ಚೆನ್ನಾಗಿದೆ. ಆದ್ರೆ ಜನ ಈಗ ಆ ವಾಯ್ಸಿಗೆ ಒಗ್ಗಿಬಿಟ್ಟಿದಾರೆ. ದಮಯಂತಿ ಅಂದ್ರೆ ಆ ದನೀನೇ. ಮಧ್ಯದಲ್ಲಿ ಬದಲಾಯಿಸಿದ್ರೆ ಬೈತಾರೆ."

ಲಗಮವ್ವ ಅವತ್ತು ಬಸ್ಸಿಗೂ ಕಾಯದೆ ಹಾಸ್ಟೆಲಿನ ತನಕ ನಡೆದಳು. ದಾರಿಯಲ್ಲಿ ಯಾರೋ ಇಬ್ಬರು ಹುಡುಗಿಯರು ಗುರುತು ಹಿಡಿದು, "ದಮಯಂತಿ ಅಲ್ವಾ ನೀವು, ಒಂದು ಡೈಲಾಗ್ ಹೇಳಿ" ಅಂದರು. ಅವಳು ಹೇಳಿದಳು. ಅವರು ಮುಖ ಮುಖ ನೋಡಿಕೊಂಡು, "ಅವರಲ್ಲ ಕಣೇ" ಎಂದು ಹೊರಟರು.

'ಎರಡು ಅಂಗಳ' ಮುಗಿದ ಮೇಲೆ ಸಣ್ಣಪುಟ್ಟ ಪಾತ್ರ ಮಾಡಿಕೊಂಡಿರುವಾಗ ಗಾಳಿ ತಿರುಗಿತು. ಯಾವುದೋ ಚಾನೆಲಿನವರಿಗೆ ಉತ್ತರ ಕರ್ನಾಟಕದ ಭಾಷೆ ಈಗ ಓಡುತ್ತದೆ ಅನ್ನಿಸಿ, ಮುಧೋಳದ ಕಡೆಯ ಗೌಡತಿಯೊಬ್ಬಳ ಕತೆ ಶುರು ಮಾಡಿದರು. ಲಗಮವ್ವ ಆಡಿಷನ್ನಿಗೆ ಹೋದಳು. ಎಷ್ಟೋ ವರ್ಷ ಮಡಚಿಟ್ಟ ಮಾತು ಬಿಚ್ಚಿ, ಚಿಮ್ಮಡದಲ್ಲಿ ತಾಯಿ ಆಡುವಂತೆ, ಬೀಳಗಿಯ ಕಟ್ಟೆಯ ಮೇಲಿನವರು ಆಡುತ್ತಿದ್ದಂತೆ ಆಡಿದಳು.

ಆ ಹೊಸ ಡೈರೆಕ್ಟರು ಅಡ್ಡಡ್ಡ ತಲೆ ಆಡಿಸಿದ. "ಇದ್ರಲ್ಲಿ ಖಾರ ಇಲ್ಲ ಮೇಡಂ. ಆ ಕಡೆಯವರು ಮಾತಾಡಿದ್ರೆ ಹೊಡೆದ ಹಾಗಿರ್ಬೇಕು."

"ನಾನು ಆ ಕಡೆಯವಳೇ."

"ಇರ್ಬಹುದು. ಜನಕ್ಕೆ ಹಾಗನ್ನಿಸ್ಬೇಕಲ್ಲ."

ಗೌಡತಿಯ ಪಾತ್ರ ಮಧುಮತಿಗೆ ಹೋಯಿತು. ಕನ್ನಡಕ ತೆಗೆದು ಇಳಕಲ್ ಸೀರೆ ಉಡಿಸಿದರೆ ಕ್ಯಾಮೆರಾದಲ್ಲಿ ಕಳೆ ಇದೆ ಎಂದು ಯಾರಿಗೋ ಆಗ ಕಂಡಿತ್ತು. ಭಾಷೆ ಕಲಿಸಲು ಲಗಮವ್ವ ಬೇಕಂತೆ, ಗೌಡತಿಯ ದೊಡ್ಡವ್ವನ ಪಾತ್ರವನ್ನೂ ಕೊಡುತ್ತಾರಂತೆ. ಇದನ್ನು ಹೇಳಲು ಹಾಸ್ಟೆಲಿಗೆ ಬಂದ ಮಧುಮತಿ ಬಾಗಿಲ ಹತ್ತಿರವೇ ನಿಂತಳು.

"ಬೇಡ ಅಂದ್ರೆ ನಾನೂ ಬಿಟ್ಬಿಡ್ತೀನಿ ಅಕ್ಕಾ."

ಬಿಡು ಎಂದು ಬಾಯಿಗೆ ಬಂತು. ಅಷ್ಟು ವರ್ಷ ಕತ್ತಲ ಕೋಣೆಯಲ್ಲಿ ಕೂತವಳು ಈಗ ಬೆಳಕಿಗೆ ಬರುವಾಗ ಬಾಗಿಲು ಹಾಕುವುದು ಹೇಗೆ ಎಂದು ಲಗಮವ್ವ ಹಲ್ಲು ಕಚ್ಚಿದಳು. "ಒಳಗ ಬಾ. 'ಆಕೆ' ಅನ್ನಬ್ಯಾಡ, 'ಆಕಿ' ಅನ್ನು. ಅಲ್ಲಿಂದ ಶುರು ಮಾಡೋಣು" ಅಂದಳು.

ಮಧುಮತಿಗೆ ಕಿವಿ ಇತ್ತು. ಬೇಗ ಕಲಿತಳು. ಶೂಟಿಂಗಿಗೆ ಯೂನಿಟ್ ಮುಧೋಳಕ್ಕೆ ಬಂತು, ಹಳೆಯ ವಾಡೆಯೊಂದರಲ್ಲಿ ಕ್ಯಾಮೆರಾ ಇಟ್ಟರು. ಗೌಡತಿಯ ಪಕ್ಕ ಮುಧೋಳ ನಾಯಿ ಇರಲೇಬೇಕೆಂದು ಡೈರೆಕ್ಟರು ಹಟ ಹಿಡಿದು ತಿಮ್ಮಾಪುರದ ರೈತನೊಬ್ಬನ ನಾಯಿ ತರಿಸಿದ. ಅದು ಲೈಟು ಹಚ್ಚಿದ್ದೇ ಹಗ್ಗ ಹರಿದು ಕಬ್ಬಿನ ಹೊಲಕ್ಕೆ ಓಡಿತು. ಅದರ ಹಿಂದೆ ಅರ್ಧ ಯೂನಿಟ್ಟು ಓಡಿತು. ಕಾಯುತ್ತ ಕೂತ ಡೈರೆಕ್ಟರು ಹೊತ್ತು ಹಾಳಾಗದಿರಲಿ ಎಂದು ದೊಡ್ಡವ್ವನ ದೃಶ್ಯ ಮುಗಿಸಿಬಿಡೋಣ ಎಂದ. ತಂಗಿಯ ಮಗಳಿಗೆ ದೊಡ್ಡವ್ವ ತನ್ನ ಮುರಿದ ಮದುವೆಯ ಕತೆ ಹೇಳುವ ದೃಶ್ಯ. ಭಾಷೆಯ ಸಲುವಾಗಿಯೇ ಹೊರಟ ಧಾರಾವಾಹಿಯಾದ್ದರಿಂದ ದನಿ ಅಲ್ಲೇ ಹಿಡಿಯುತ್ತಿದ್ದರು. ಲಗಮವ್ವ ಖಾರ ಹಾಕಲಿಲ್ಲ, ಲೇ ಬೇ ಅನ್ನಲಿಲ್ಲ. ತಣ್ಣಗೆ, ಅಕ್ಕಿಯಲ್ಲಿ ಹಳ್ಳು ಆರಿಸಿದ ಹಾಗೆ ಮಾತು ಆರಿಸಿ ಹೇಳಿದಳು. ಎದುರಿಗೆ ಕೂತ ಮಧುಮತಿ ತನ್ನ ಮಾತು ಮರೆತು ಖರೇನೇ ಅತ್ತಳು. ಡೈರೆಕ್ಟರು ಕಟ್ ಹೇಳಲು ತಡ ಮಾಡಿದ.

ಆ ಕಂತು ಬಂದ ದಿನ ಬಾಳವ್ವನ ಫೋನು ಬಂತು. "ಇವತ್ತ ನೀ ಅಂತ ಗುರ್ತು ಹತ್ತಿತು" ಅಂದಳು.

ಮಾರಿ ತನ್ನದು, ದನಿ ತನ್ನದು, ಆಡಿದ ಮಾತೂ ತನ್ನದು. ಬೆಂಗಳೂರಿಗೆ ಬಂದ ಮೇಲೆ ಇದೇ ಮೊದಲು. ಆ ಭಾಗ್ಯ ಎರಡು ತಿಂಗಳು ನಡೆಯಿತು.

ಆಮೇಲೆ ಚಾನೆಲಿನವರು ಮೀಟಿಂಗ್ ಕರೆದರು. ರೇಟಿಂಗ್ ಬರುತ್ತಿಲ್ಲ, ಭಾಷೆ ಭಾರ ಆಯಿತು, ಗೌಡತಿ ಮಗಳ ಓದಿನ ನೆಪದಲ್ಲಿ ಬೆಂಗಳೂರಿಗೆ ಬಂದು ಅಲ್ಲಿನ ಕನ್ನಡ ಕಲಿಯಲಿ ಎಂದರು. ದೊಡ್ಡವ್ವ ಬೆಂಗಳೂರಿಗೆ ಬರುವ ಹಾಗಿಲ್ಲ. ಅವಳನ್ನು ಸಾಯಿಸುವುದೆಂದು ಠರಾಯಿಸಿದರು. ಸಾವಿನ ದೃಶ್ಯ ಕೂಡ ಇಲ್ಲ. ಗೌಡತಿಗೆ ಒಂದು ಫೋನ್ ಬರುತ್ತದೆ, ಮುಂದಿನ ದೃಶ್ಯದಲ್ಲಿ ಗೋಡೆಯ ಮೇಲೆ ಹಾರ ಹಾಕಿದ ಫೋಟೋ.

ಪ್ರೊಡಕ್ಷನ್ ಮ್ಯಾನೇಜರು ಫೋಟೋ ತೆಗೆಯಲು ಕರೆದಾಗ ಲಗಮವ್ವ ಹೋಗಲಿಲ್ಲ.

"ಐದು ನಿಮಿಷದ ಕೆಲಸ ಮೇಡಂ."

"ಸಾಯೋ ದೃಶ್ಯ ಕೊಡಿ, ಸಾಯ್ತೀನಿ. ಬರೀ ಫೋಟೋ ಆಗಲ್ಲ."

"ಅಷ್ಟು ಟೈಮ್ ಎಲ್ಲಿದೆ?"

ಫೋಟೋ ಇಲ್ಲದೆ ಹೇಗೆ ಸಾಯಿಸುತ್ತಾರೆ ನೋಡಿಯೇಬಿಡುತ್ತೇನೆ ಎಂದು ಅವಳು ಊರಿಗೆ ಬಂದು ಕೂತಳು. ಅವರು ತಲೆ ಕೆಡಿಸಿಕೊಳ್ಳಲೇ ಇಲ್ಲ. ಹಳೆಯ ಕಂತಿನಿಂದ ಒಂದು ಚಿತ್ರ ಹಿಡಿದು, ದೊಡ್ಡದು ಮಾಡಿ, ಕಟ್ಟು ಹಾಕಿಸಿ, ಹಾರ ಏರಿಸಿದರು. ಆ ಚಿತ್ರದಲ್ಲಿದ್ದದ್ದು, ನಾಯಿ ಹಗ್ಗ ಹರಿದ ಕತೆಯನ್ನು ಯಾರೋ ಮತ್ತೆ ಹೇಳಿದಾಗ ದೃಶ್ಯದ ನಡುವೆ ಅವಳಿಗೆ ತಡೆಯಲಾಗದೆ ಬಂದ ನಗು. ಚಿಮ್ಮಡದ ಮನೆಯಲ್ಲಿ, ತಾಯಿಯ ಪಕ್ಕದಲ್ಲೇ ಕೂತು, ಲಗಮವ್ವ ತನ್ನ ನಗುವ ಫೋಟೋದ ಮುಂದೆ ಊದಿನಕಡ್ಡಿಯ ಹೊಗೆ ಏಳುವುದನ್ನು ನೋಡಿದಳು.

ಬಾಳವ್ವ ಮಗಳ ಮಣಿಕಟ್ಟು ಹಿಡಿದಳು, ಧಾರಾವಾಹಿ ಮುಗಿದರೂ ಬಿಡಲಿಲ್ಲ. ಮರುದಿನದಿಂದ ಊರಿನ ಹೆಂಗಸರು ಬಂದು, "ಹಿಂಗ್ಯಾಕ ಮಾಡಿದ್ರವಾ ನಿನಗ" ಅಂದು ಹೋದರು. ಲಗಮವ್ವ ಎಲ್ಲರಿಗೂ ಚಹಾ ಮಾಡಿದಳು. ಸತ್ತವಳು ಚಹಾ ಕೊಡುತ್ತಿದ್ದಾಳೆ ಎಂದು ಒಬ್ಬಳು ನಕ್ಕಾಗ ಕಪ್ಪು ಕಸಿದು ಒಳಗೆ ಹೋದಳು. ಒಲೆಯ ಮುಂದೆ ಕೂತು ಬೈಯಲು ಬಾಯಿ ತೆರೆದರೆ ಯಾರನ್ನು ಬೈಯಬೇಕೆಂದು ತಿಳಿಯಲಿಲ್ಲ. ಎಲ್ಲರೂ ನಯವಾಗಿಯೇ ಇದ್ದರು. ಯಾರೂ ಒಂದು ಕೆಟ್ಟ ಮಾತು ಆಡಿರಲಿಲ್ಲ. ಅಂದಿನ ಬಸ್ಸಿನ ಕಂಡಕ್ಟರನಾಗಿದ್ದರೆ ಜಗಳಕ್ಕೆ ಎದುರಿಗೆ ನಿಂತಿರುತ್ತಿದ್ದ.

ಹಾಗೇ ಕೆಲವು ತಿಂಗಳು ಹೋದ ಮೇಲೆ ಮಧುಮತಿಯ ಫೋನು ಬಂತು. ಗೌಡತಿಯ ಧಾರಾವಾಹಿಯನ್ನೂ ಮುಚ್ಚಿದ್ದರು. ಅವಳು ಮತ್ತೆ ಡಬ್ಬಿಂಗ್ ಕೋಣೆ ಸೇರಿದ್ದಳು.

"ಅಕ್ಕಾ, ಹೊಸ ಸೀರಿಯಲ್ಲು. ನಾಯಕನ ತಾಯಿ ಪಾತ್ರಕ್ಕೆ ನಿಮ್ಮನ್ನ ಕೇಳ್ತಿದಾರೆ. ಡಬ್ಬಿಂಗಿಗೆ ನನ್ನ. ನಿಮ್ಮ ಹತ್ರ ಹೇಳೋಕೆ ಅವರಿಗೆ ಭಯ, ನಾನೇ ಕೇಳ್ತೀನಿ ಅಂದೆ. ನೀವು ಬೇಡ ಅಂದ್ರೆ ನಾನೂ ಬೇಡ ಅಂತೀನಿ."

ಲಗಮವ್ವ ಅಂಗಳದಲ್ಲಿ ಕೂತು ಶೇಂಗಾ ಬಿಡಿಸುತ್ತಿದ್ದಳು. ಮಾಳಿಂಗರಾಯ ದೂರದಿಂದ ನೋಡುತ್ತಿದ್ದ. ಅವಳಿಗೆ ಇಲ್ಲಿ ಇರಲು ಅಡ್ಡಿಯಿರಲಿಲ್ಲ, ಹೋಗೆಂದವರೂ ಇರಲಿಲ್ಲ. ಆದರೆ ದಿನಾ ಸಂಜೆ ಟಿವಿ ಹಚ್ಚಿದಾಗ ಬೇರೆಯವರು ಮಾಡುವ ಪಾತ್ರ ನೋಡಿ ಅವಳ ಕೈ ತಾನಾಗಿ ಆ ಪಾತ್ರದ ಹಾವಭಾವ ಮಾಡುತ್ತಿತ್ತು. ಆಡದೆ ಇರುವುದು ಆಡುವುದಕ್ಕಿಂತ ಹೆಚ್ಚಿನ ಸಂಕಟವೆಂದು ಈ ತಿಂಗಳುಗಳಲ್ಲಿ ಗೊತ್ತಾಗಿತ್ತು. ಅದಕ್ಕೂ ಅವಳಿಗೆ ಸಿಟ್ಟು.

"ಬರತೇನಿ. ಆದ್ರ ಒಂದು ಮಾತೈತಿ ಮಧುಮತಿ. ಅವರು ಬರದ ಮಾತು ನಾ ಕ್ಯಾಮೆರಾ ಮುಂದ ಅವರಂಗ ಆಡಂಗಿಲ್ಲ. ಅರ್ಥ ಅವರದು, ಮಾತು ನಮ್ಮೂರಿಂದು. ಹೆಂಗಿದ್ರೂ ನನ್ನ ದನಿ ಒರಸಿ ಒಗೀತಾರಲ್ಲ, ನಾ ಯಾವ ಭಾಷಾದಾಗ ಆಡಿದ್ರ ಅವರಿಗೇನು?"

"ತುಟಿ ಹೊಂದಲ್ಲ ಅಕ್ಕಾ."

"ಹೊಂದಬಾರದು."

ಆ ಕಡೆ ಮಧುಮತಿ ನಕ್ಕುಬಿಟ್ಟಳು. ಆಮೇಲೆ, ಲಗಮವ್ವ ಕಲಿಸಿದ ಕನ್ನಡದಲ್ಲೇ, "ಆತು ತಗೋರಿ, ನಾ ಹೆಂಗರ ಸಂಭಾಳಸ್ತೇನಿ" ಅಂದಳು.

ಹೊಸ ಸೀರಿಯಲ್ಲಿನ ಸೆಟ್ಟಿನಲ್ಲಿ ಡೈರೆಕ್ಟರು ಮೊದಮೊದಲು ರೇಗಿದ, ರೀಟೇಕ್ ಮಾಡಿಸಿದ. ಲಗಮವ್ವ ಪ್ರತಿ ಸಲ "ಹೌದಾ ಸರ್, ಬಾಯ್ತಪ್ಪಿತು" ಎಂದು ಚೆಂದದ ಬೆಂಗಳೂರು ಕನ್ನಡದಲ್ಲಿ ಹೇಳಿ, ಮತ್ತೆ ಹಾಗೇ ಆಡಿದಳು. ದಿನಕ್ಕೊಂದು ಕಂತು ಹೋಗಬೇಕು, ತುಟಿ ನೋಡುತ್ತ ಕೂರಲು ಯಾರಿಗೂ ಪುರಸತ್ತಿರಲಿಲ್ಲ. ಕಡೆಗೆ ಅವನೂ ಬಿಟ್ಟ. ನೋಡುವವರಲ್ಲಿ ಯಾರೂ ದೂರು ಹೇಳಲಿಲ್ಲ.

ಚಿಮ್ಮಡದಲ್ಲಿ ಬಾಳವ್ವ ಆ ಧಾರಾವಾಹಿ ಬರುವ ಹೊತ್ತಿಗೆ ಟಿವಿಯ ದನಿ ಪೂರಾ ತೆಗೆದುಬಿಡುತ್ತಾಳೆ. ಮಾಳಿಂಗರಾಯನಿಗೆ ಇದರಿಂದ ತಲೆಬಿಸಿ.

"ದನಿ ಇಲ್ದ ಏನ್ ನೋಡತಿ ಯವ್ವಾ?"

"ಸುಮ್ಮ ಕುಂಡರು. ಆಕಿ ಏನೋ ಅನ್ನಾಕತ್ತಾಳ."

"ತಿಳೀತೇನು?"

"ಅರ್ಧ ತಿಳೀತೈತಿ" ಎಂದು ಬಾಳವ್ವ ಮಗಳ ತುಟಿಯ ಮೇಲೆ ಕಣ್ಣಿಟ್ಟು ಟಿವಿಯ ಹತ್ತಿರಕ್ಕೆ ಸರಿದು ಕೂಡುತ್ತಾಳೆ.